ವೆಂಕಟರಮಣರ ಒಂಬತ್ತು ನಿಮಿಷ

ವೆಂಕಟರಮಣರ ಗಳಿಕೆ ಆಸ್ಟಿನ್ನಿನಲ್ಲಿ. ಗಳಿಗೆ ಮಾತ್ರ ಟೆಕ್ಸಸ್ಸಿನ ಕನ್ನಡಿಗರಿಗೆಲ್ಲ. ವಾರದ ಐದು ದಿನ ಅಲ್ಲಿನ ಒಂದು ಲ್ಯಾಬಿನಲ್ಲಿ ಗಡಿಯಾರಕ್ಕೆ ಬೇಕಾದ ಹರಳು ಬೆಳೆಸುವ ಕೆಲಸ. ಶುಕ್ರವಾರ ಸಂಜೆ ಡಲ್ಲಾಸ್ ಪಕ್ಕದ ಫ್ಲವರ್ ಮೌಂಡಿನ ಮನೆಗೆ ಮೂರೂವರೆ ಗಂಟೆ ಡ್ರೈವ್. ಉಳಿದ ಹೊತ್ತೆಲ್ಲ ಫೋನು. ಮೈಸೂರಿನಿಂದ ತರಿಸಿದ ಪಂಚಾಂಗವನ್ನು ಜನವರಿಯಲ್ಲೇ ಕೂತು ಟೆಕ್ಸಸ್ಸಿನ ಚಳಿಗಾಲದ ಗಡಿಯಾರಕ್ಕೆ ಇಳಿಸಿಡುವರು. ಮಾರ್ಚಿನಲ್ಲಿ ಬೇಸಿಗೆಯ ಲೆಕ್ಕಕ್ಕೆಂದು ಅಮೆರಿಕದ ಗಡಿಯಾರಗಳೆಲ್ಲ ಒಂದು ಗಂಟೆ ಮುಂದಕ್ಕೆ ಹೋದ ಮೇಲೆ, ಕೇಳಿದವರಿಗೆಲ್ಲ ಒಂದೇ ಮಾತು: "ಬೇಸಿಗೆ ಕಣ್ರೀ, ಒಂದು ಗಂಟೆ ಸೇರಿಸಿ." ಹತ್ತೊಂಬತ್ತು ವರ್ಷ ಸೇರಿಸಿದ್ದಾರೆ. ನಾಮಕರಣ, ಗೃಹಪ್ರವೇಶ, ಗ್ರೀನ್ ಕಾರ್ಡಿನ ಅರ್ಜಿ, ಯಾವುದನ್ನೂ ಬಿಟ್ಟಿಲ್ಲ.

"ಊರಿಗೆಲ್ಲ ಹೊತ್ತು ಹೇಳ್ತೀರಿ, ಮನೆಗೆ ಮಾತ್ರ ನಿಮಗೆ ಹೊತ್ತಿಲ್ಲ," ಎನ್ನುತ್ತಿದ್ದಳು ಹೆಂಡತಿ ಭಾನುಮತಿ. "ಹರಳು ಬೆಳೆಸ್ತಾರಂತೆ ಹರಳು! ತಲೆಗೆ ಹಚ್ಕೊಳ್ಳೋಕೆ ಎಣ್ಣೆನಾದ್ರೂ ಬರತ್ತೇನ್ರೀ ಅದ್ರಲ್ಲಿ?"

2015ರ ಜೂನ್ ಹದಿನೆಂಟು, ಗುರುವಾರ. ಬೆಳಿಗ್ಗೆ ಏಳು ನಲವತ್ತಕ್ಕೆ ವೆಂಕಟರಮಣರು ಆಸ್ಟಿನ್ನಿನ ಬಾಡಿಗೆ ರೂಮಿನಲ್ಲಿ, ಹ್ಯೂಸ್ಟನ್ನಿನಲ್ಲಿ ತೈಲ ಕಂಪನಿಗಳಿರುವ ಎನರ್ಜಿ ಕಾರಿಡಾರಿನಲ್ಲಿ ಕೆಲಸಕ್ಕಿದ್ದ ಹುಬ್ಬಳ್ಳಿಯ ಆನಂದ್ ಜೊತೆ ಫೋನಿನಲ್ಲಿದ್ದರು.

"ಅಂಕಲ್, ಹೊಸಾ ಕಾರ್ ಬಂದೈತ್ರಿ. ಗಾಲಿ ಕೆಳಗ ಲಿಂಬಿಹಣ್ಣು ಇಟ್ಟು ಕುಂತೀನಿ. ಎಷ್ಟೊತ್ತಿಗೆ ಹತ್ತಿಸ್ಲಿ, ಲಗೂ ಹೇಳ್ರಿ. ಆಫೀಸಿಗೆ ಲೇಟ್ ಆಗಾಕತ್ತೈತಿ."

"ತಡೀಪ್ಪಾ, ನೋಡ್ತೀನಿ. ಲಿಂಬೆಹಣ್ಣು ಎಲ್ಲಿಗೂ ಓಡಿಹೋಗಲ್ಲ."

ಆಗಲೇ ನಡುವೆ ಬೀಪ್ ಬೀಪ್ ಎಂದಿತು. ಭಾನುಮತಿಯ ಫೋನು. ಸಂಜೆಗಲ್ಲದೆ ಮಾಡುವವಳಲ್ಲ. ಆಮೇಲೆ ಮಾಡಿದರಾಯಿತು ಎಂದುಕೊಂಡು ಇವರು ಪುಟ ತಿರುವಿದರು.

ಅವಳು ವಾಕಿಂಗ್ ಹೋದಳು. ಕೆರೆಯ ಪಕ್ಕದ ದಾರಿಯಲ್ಲಿ ಬಿದ್ದವಳು ಏಳಲಿಲ್ಲ. ತಲೆಯೊಳಗೆ ರಕ್ತನಾಳ ಒಡೆದಿತ್ತಂತೆ. ಐವತ್ತಮೂರು ವರ್ಷ.

ಅವತ್ತಿನಿಂದ ವೆಂಕಟರಮಣರಿಗೆ ಇದ್ದದ್ದು ಒಂದೇ ಪ್ರಶ್ನೆ. ಅವಳು ಫೋನು ಮಾಡಿದ್ದು ತಲೆ ಸಿಡಿಯುತ್ತಿದೆ, ಏನು ಮಾಡಲಿ ಎಂದು ಕೇಳುವುದಕ್ಕೋ, ಇಲ್ಲ ಬರುವಾಗ ನುಗ್ಗೆಕಾಯಿ ತನ್ನಿ ಎನ್ನುವುದಕ್ಕೋ? ನುಗ್ಗೆಕಾಯಿಗಾದರೆ ಇವರು ಹೇಗೋ ಬದುಕಿಕೊಂಡಾರು.

"ಅಪ್ಪಾ, ಮೇ ಬಿ ಇಟ್ ವಾಸ್ ಜಸ್ಟ್ ಎ ಪಾಕೆಟ್ ಡಯಲ್," ಎಂದಿದ್ದಳು ಮಗಳು ಅನಘಾ. ಜೇಬಿನಲ್ಲಿದ್ದ ಫೋನು ತಾನಾಗಿ ಒತ್ತಿಹೋಗಿರಬಹುದೆಂದು ಅವಳ ಲೆಕ್ಕ.

"ನಿಮ್ಮಮ್ಮನ ಚೂಡಿದಾರಕ್ಕೆ ಪಾಕೆಟ್ ಎಲ್ಲಿತ್ತೇ?"

ಎರಡು ವರ್ಷದ ಮೇಲೆ ಲ್ಯಾಬಿನ ಪಾತ್ರೆಯೊಂದರಲ್ಲಿ ಅವರಿಗೆ ಒಂದು ಅಪರೂಪದ ಹರಳು ಸಿಕ್ಕಿತು. ಲಕ್ಷಕ್ಕೊಂದರಲ್ಲಿ ಹೊಗೆಯಂಥ ನೀಲಿ ಗೆರೆ ಮೂಡುತ್ತದೆ, ಲ್ಯಾಬಿನವರಿಗಷ್ಟೇ ಗೊತ್ತು. ಅದನ್ನು ಮುಷ್ಟಿಯಲ್ಲಿ ಹಿಡಿದು ಒಂದು ದಿನ, ಒಂದು ಹೊತ್ತು ಬಾಯಿಬಿಟ್ಟು ಹೇಳಿದರೆ, ನಿಂತ ಜಾಗದಲ್ಲಿ ಆ ಹೊತ್ತಿನ ಒಂಬತ್ತು ನಿಮಿಷ ವಾಪಸು ಬರುತ್ತದೆ. ಹಿಡಿದವರಿಗೆ ಮಾತ್ರ ಕಾಣುತ್ತದೆ, ಕೇಳುತ್ತದೆ, ವಾಸನೆಯೂ ಬರುತ್ತದೆ; ಮುಟ್ಟಲಾಗದು. ಆಮೇಲೆ ಹರಳು ಪುಡಿ. ಹಿಂದೊಮ್ಮೆ ಲ್ಯಾಬಿನ ಮುದುಕನೊಬ್ಬ ಸತ್ತ ನಾಯಿಯನ್ನು ನೋಡಿಕೊಂಡು ಬಂದು ಇಡೀ ದಿನ ಸಿಳ್ಳೆ ಹಾಕಿದ್ದ.

ಷರತ್ತು ಒಂದೇ: ಹರಳಿಗೆ ಗೊತ್ತಿರುವುದು ಲ್ಯಾಬಿನ ಗಡಿಯಾರ. ಅದು ವರ್ಷವಿಡೀ ಚಳಿಗಾಲದ ಲೆಕ್ಕದಲ್ಲೇ ಓಡುತ್ತದೆ. ಬೇಸಿಗೆಯ ಹೊತ್ತಾದರೆ ಒಂದು ಗಂಟೆ ಕಳೆದು ಹೇಳಬೇಕು. ಇದನ್ನು ಹೊಸಬರಿಗೆ ಕಲಿಸುತ್ತಿದ್ದವರೇ ವೆಂಕಟರಮಣರು.

ಶನಿವಾರ ಮಧ್ಯಾಹ್ನ ಫ್ಲವರ್ ಮೌಂಡಿನ ಅಡಿಗೆಮನೆಯಲ್ಲಿ ನಿಂತರು. ಫೋನು ಎತ್ತದವರಿಗೆ ಹೇಳಬೇಕಾದ್ದನ್ನೆಲ್ಲ ಒಲೆಗೆ ಒಪ್ಪಿಸಿಬಿಡುವುದು ಭಾನುಮತಿಯ ರೂಢಿ. ಆ ಒಪ್ಪಿಸುವುದೊಂದು ಕಿವಿಗೆ ಬಿದ್ದರೆ ಸಾಕಿತ್ತು. ಅನಘಾ ಬಾಗಿಲಿಗೆ ಒರಗಿ ನಿಂತಳು. ವೆಂಕಟರಮಣರು ಕಣ್ಣು ಮುಚ್ಚಿದರು.

"ಎರಡು ಸಾವಿರದ ಹದಿನೈದು, ಜೂನ್ ಹದಿನೆಂಟು. ಏಳು ನಲವತ್ತು... ಬೇಸಿಗೆ, ಒಂದು ಗಂಟೆ ಸೇರಿಸಿ... ಎಂಟು ನಲವತ್ತು."

ಹೇಳಿ ಮುಗಿಸುವಷ್ಟರಲ್ಲಿ ಗೊತ್ತಾಯಿತು. ಕಳೆಯಬೇಕಿತ್ತು. ಹತ್ತೊಂಬತ್ತು ವರ್ಷ ಊರವರಿಗೆ ಹೇಳಿದ ನಾಲಿಗೆ ಇವರನ್ನು ಕೇಳದೆಯೇ ಹೇಳಿಬಿಟ್ಟಿತ್ತು.

"ಅಲ್ಲ, ಅಲ್ಲ, ಆರು ನಲವತ್ತು!" ಎಂದು ಕೂಗಿದರು. ಹರಳು ಆಗಲೇ ಬೆಚ್ಚಗಾಗಿತ್ತು.

ಗೋಡೆಯ ಹಳೆಯ ಬಣ್ಣ ವಾಪಸು ಬಂತು. ಕಿಟಕಿಯಲ್ಲಿ ಜೂನಿನ ಬಿಸಿಲು. ಒಗ್ಗರಣೆಯ ವಾಸನೆ ಇನ್ನೂ ಹೋಗಿರಲಿಲ್ಲ. ತೊಳೆದ ಲೋಟ ಬೋರಲಾಗಿತ್ತು. ಅವಳ ಮನೆಯೊಳಗಿನ ಚಪ್ಪಲಿ ಹಿಂಬಾಗಿಲ ಬಳಿ ಒಂದರ ಮೇಲೊಂದು ಬಿದ್ದಿತ್ತು. ಅವಳಿರಲಿಲ್ಲ. ಹರಳಿನ ಲೆಕ್ಕದ ಎಂಟು ನಲವತ್ತು, ಅಂದರೆ ಬೇಸಿಗೆಯ ಗಡಿಯಾರದಲ್ಲಿ ಬೆಳಗಿನ ಒಂಬತ್ತು ನಲವತ್ತರ ಮನೆ ಅದು. ಅವಳು ವಾಕಿಂಗಿಗೆ ಹೋಗಿಯಾಗಿತ್ತು. ಔಷಧಿಯ ಡಬ್ಬಿ ತೆಗೆದಿದ್ದಾಳೆಯೇ, ಚೀಟಿ ಬರೆದಿಟ್ಟಿದ್ದಾಳೆಯೇ ಎಂದು ಕಣ್ಣಲ್ಲೇ ತಡಕಿದರು. ಏನೂ ಇರಲಿಲ್ಲ.

ಒಲೆಯ ಪಕ್ಕ ಚಾರ್ಜಿಗೆ ಹಾಕಿಟ್ಟಿದ್ದ ಅವಳ ಫೋನು ಹೊಡೆದುಕೊಳ್ಳಲು ಶುರುವಾಯಿತು. ಪರದೆಯ ಮೇಲೆ 'ನಮ್ಮೆಜಮಾನ್ರು' ಎಂದಿತ್ತು. ಆನಂದನ ಕಾರು, ಆಮೇಲೆ ಆಫೀಸಿನ ಮೀಟಿಂಗು, ಎಲ್ಲ ಮುಗಿಸಿ ಇವರೇ ಅವತ್ತು ವಾಪಸು ಮಾಡಿದ ಫೋನು. ಹೊಡೆದುಕೊಂಡು ನಿಂತಿತು. ಮತ್ತೆ ಶುರುವಾಯಿತು. ಎತ್ತಲು ಹೋದ ಕೈ ಫೋನಿನೊಳಗಿಂದ ಹಾಯ್ದು ಕಟ್ಟೆಗೆ ತಗುಲಿತು. ಮೂರನೆಯ ಸಲ ಹೊಡೆದುಕೊಂಡಿತು. ಆಸ್ಟಿನ್ನಿನಲ್ಲಿ ಕೂತು, "ಎಲ್ಲಿ ಹಾಳಾಗಿ ಹೋದ್ಲೋ ಇವಳು" ಎಂದು ಗೊಣಗಿದ್ದು ಅವರಿಗೆ ನೆನಪಿತ್ತು.

ಒಂಬತ್ತು ನಿಮಿಷ ಮುಗಿಯಿತು. ಬೆರಳ ಸಂದಿಯಿಂದ ಬಿಳಿ ಪುಡಿ ನೆಲಕ್ಕೆ ಉದುರಿತು.

ಅನಘಾ ಹತ್ತಿರ ಬಂದಳು. "ಅಪ್ಪಾ? ವಾಟ್ ಡಿಡ್ ಶೀ ಸೇ?"

ವೆಂಕಟರಮಣರು ಒಲೆಯ ಪಕ್ಕದ ಖಾಲಿ ಕಟ್ಟೆಯನ್ನೇ ನೋಡುತ್ತಿದ್ದರು.

"ನಿಮ್ಮಮ್ಮ ಸಿಗ್ಲಿಲ್ಲ ಕಣೇ," ಎಂದರು. "ಆಗ್ಲೇ ಹೊರಟುಹೋಗಿದ್ಲು."