ಧಾರಾವಾಹಿಯಲ್ಲಿ ಅತ್ತ ಮಗು

ಗಲ್ಫಿನಲ್ಲಿ, ಖೈತಾನಿನ ನಮ್ಮ ಕಟ್ಟಡದವರಿಗೆ ಅಲಿಕುಂಞಿಯ ಕೆಲಸ ಏನೆಂದು ಕೊನೆಗೂ ಅರ್ಥವಾಗಲಿಲ್ಲ. ಬ್ಯಾರಿಗಳೆಂದರೆ ಅಂಗಡಿ ವ್ಯಾಪಾರ ಎಂದುಕೊಂಡ ಜನ; ಇವನು ಅರಬಿ ಟಿವಿ ಧಾರಾವಾಹಿಗಳಿಗೆ ಸದ್ದು ತುಂಬಿಸುತ್ತಿದ್ದ. ಸ್ಟುಡಿಯೋಗೆ ಡ್ರೈವರ್ ಆಗಿ ಸೇರಿದವನು, ಒಣಗಿದ ಕುಬೂಸ್ ರೊಟ್ಟಿ ಮುರಿದು ಮೂಳೆ ಮುರಿದಂತೆ ಕೇಳಿಸುವುದನ್ನು ಕಲಿತ. ಕೀಬೋರ್ಡ್ ಕಲಿತು ಹಿನ್ನೆಲೆ ಸಂಗೀತವನ್ನೂ ಕೊಡತೊಡಗಿದ. ಪರದೆಯ ಮೇಲೆ ಮಾತ್ರ ಬೇರೆಯವರ ಹೆಸರು. ದುಡಿದವನೊಬ್ಬ, ಮೆರೆದವನೊಬ್ಬ, ನೆನೆದರೆ ನನಗೆ ಈಗಲೂ ಸಿಟ್ಟು ಬರುತ್ತದೆ.

ತೊಂಬತ್ತಾರರಲ್ಲಿ ಊರಿನಲ್ಲಿ ಅವನಿಗೆ ಮಗಳು ಹುಟ್ಟಿದಳು, ಶಹನಾ. ಆಗ ಫೋನು ದುಬಾರಿ. ಮಾತನ್ನು ಕ್ಯಾಸೆಟ್ಟಿನಲ್ಲಿ ತುಂಬಿಸಿ, ಹೋಗಿಬರುವವರ ಕೈಯಲ್ಲಿ ಕಳುಹಿಸುವುದು ರೂಢಿ. ಕೇಳಿದ ಮೇಲೆ ಅದೇ ಕ್ಯಾಸೆಟ್ಟಿನ ಮೇಲೆ ನಮ್ಮ ಉತ್ತರ ತುಂಬಿಸಿ ವಾಪಸು ಮಾಡುತ್ತಿದ್ದೆವು. ಹೆಂಡತಿ ರಮ್ಲಾ ಕಳುಹಿಸಿದ ಕ್ಯಾಸೆಟ್ಟಿನಲ್ಲಿ ಮಗು ಅಳುತ್ತಿತ್ತು. ಅದೇ ಹೊತ್ತಿಗೆ ರಂಝಾನಿನ ಧಾರಾವಾಹಿಯೊಂದಕ್ಕೆ ಕೂಸಿನ ಅಳು ಬೇಕಾಗಿತ್ತು. ಅಲಿಕುಂಞಿ ಹೆಮ್ಮೆಯಿಂದ ಮಗಳದ್ದನ್ನೇ ಸ್ಟುಡಿಯೋದ ಟೇಪಿಗೆ ಇಳಿಸಿಕೊಂಡ. ಆಮೇಲೆ ಅದೇ ಕ್ಯಾಸೆಟ್ಟಿನಲ್ಲಿ ಅಳುವಿನ ಮೇಲೆ ತನ್ನ ಮಾತು ತುಂಬಿಸಿ ಊರಿಗೆ ಕಳುಹಿಸಿದ.

ಅದು ಮನೆ ಮುಟ್ಟುವ ಮೊದಲೇ ಮಗು ಜ್ವರ ಬಂದು ತೀರಿಕೊಂಡಿತು. ಅವನು ಅದರ ಮುಖವನ್ನೇ ನೋಡಿರಲಿಲ್ಲ.

ಸ್ಟುಡಿಯೋದವರಿಗೆ ಆ ಅಳು ಹಿಡಿಸಿಬಿಟ್ಟಿತು. ಯಾವ ಧಾರಾವಾಹಿಯಲ್ಲಿ ಕೂಸು ಅತ್ತರೂ ಶಹನಾಳದ್ದೇ ಸ್ವರ. ಬೇಡ ಎನ್ನಲು ವೀಸಾ ಕೊಟ್ಟ ಧಣಿ ಕಫೀಲನ ಎದುರು ಬಾಯಿ ಬರುತ್ತದೆಯೇ? ತನ್ನ ಕಿವಿಗೆ ಬೀಳದಿರಲೆಂದು ಅವನು ಅದರ ಮೇಲೆ ಕೀಬೋರ್ಡಿನಿಂದ ಪಿಟೀಲು ಸುರಿಯುತ್ತಿದ್ದ. ಜನ ಆ ಸಂಗೀತಕ್ಕೆ ಕಣ್ಣೀರು ಹಾಕಿದರು.

ಎಷ್ಟೋ ವರ್ಷದ ಮೇಲೆ ರಮ್ಲಾಳಿಗೆ ವೀಸಾ ಸಿಕ್ಕಿತು. ಅವಳು ಕೇಳಿಸಿಕೊಂಡರೆ ಎದೆ ಒಡೆದುಕೊಂಡಾಳು ಎಂದು ಹೆದರಿ, ಅವನು ಸ್ಟುಡಿಯೋದಲ್ಲಿದ್ದ ಆ ದನಿಯ ಟೇಪುಗಳನ್ನು ಒಂದೂ ಬಿಡದೆ ಅಳಿಸಿಹಾಕಿದ.

"ಖಲಾಸ್ ಕಾಕ, ಇನ್ನು ಅವಳ ಕಿವಿಗೆ ಬೀಳುವುದಿಲ್ಲ" ಎಂದ ನನ್ನಲ್ಲಿ.

ಟಿವಿಯವರು ಹಳೆಯದನ್ನು ಮತ್ತೆ ಹಾಕುತ್ತಾರೆಂಬುದು ಪುಣ್ಯಾತ್ಮನಿಗೆ ಹೊಳೆದಿರಲಿಲ್ಲ. ಆ ರಂಝಾನಿನಲ್ಲಿ ಅವರ ಮನೆಗೆ ಇಫ್ತಾರಿಗೆ ಹೋಗಿದ್ದೆ. ಟಿವಿಯಲ್ಲಿ ಕೂಸು ಅತ್ತದ್ದೇ ತಡ, ರಮ್ಲಾ ಅಡುಗೆಮನೆಯಿಂದ ಓಡಿಬಂದಳು. ತಲೆಯ ಬಟ್ಟೆ ಜಾರಿದ್ದೂ ಅವಳಿಗೆ ಗೊತ್ತಿರಲಿಲ್ಲ.

"ಇದು ನಮ್ಮ ಶಾನು ಅಲ್ವಾ?"

"ಹೌದು. ನಿನ್ನ ಕ್ಯಾಸೆಟ್ಟಿನಿಂದ ತೆಗೆದದ್ದು" ಎಂದ ಅಲಿಕುಂಞಿ, ತಲೆ ತಗ್ಗಿಸಿ.

ಕಿರುಚುತ್ತಾಳೆ ಎಂದುಕೊಂಡೆ. ಅವಳ ಮುಖ ಅರಳಿತು. ನನಗೆ ಅದನ್ನು ನೋಡಲಾಗಲಿಲ್ಲ.

"ಅವಳ ಸ್ವರವೇ ಮರ್ತು ಹೋಗಿತ್ತು ನಂಗೆ. ಸ್ಟುಡಿಯೋದಲ್ಲಿ ಉಂಟಲ್ಲ, ಮನೆಗೆ ತನ್ನಿ. ದಿನಾ ಕೇಳ್ತೇನೆ."

"ಇಲ್ಲ ರಮ್ಲಾ. ನೀನು ಬರ್ತಿ ಅಂತ ನಾನೇ ಎಲ್ಲಾ ಅಳಿಸಿ ಹಾಕಿದೆ."

ಅವಳು ಟಿವಿಯ ಹತ್ತಿರ ಹೋಗಿ ಕುಳಿತಳು. ಮಗು ಇನ್ನೂ ಅಳುತ್ತಿತ್ತು.

"ಹಾಗಾದ್ರೆ ಆ ಪಿಟೀಲನ್ನಾದ್ರೂ ಸ್ವಲ್ಪ ನಿಲ್ಸಿ. ಮಗು ಸರಿ ಕೇಳುವುದಿಲ್ಲ."

ಅಲಿಕುಂಞಿ ರಿಮೋಟ್ ಹಿಡಿದು ಸದ್ದು ಏರಿಸಿದ. ಏರಿಸಿದಷ್ಟೂ ಅವನ ಸಂಗೀತವೇ ದೊಡ್ಡದಾಯಿತು.