ಮೂರನೆಯ ಗೂಟದ ಕೀಲಿಕೈ

ಇಂಡಿ ಊರಿನ ನಮ್ಮ ಮನೆಯ ನಡುಮನೆಯಲ್ಲಿ ಮೂರು ಗೂಟಗಳಿದ್ದವು. ಒಂದಕ್ಕೆ ಮಾವನವರ ಹಳೆಯ ರುಮಾಲು, ಒಂದಕ್ಕೆ ಜರಡಿ, ಮೂರನೆಯದಕ್ಕೆ ಗೇಣುದ್ದದ ಕಬ್ಬಿಣದ ಕೀಲಿಕೈ. ಕೀಲಿಕೈ ನಮ್ಮದಲ್ಲ, ಮಗ್ಗುಲಿನ ದರ್ಗಾದ್ದು. ಎಪ್ಪತ್ತರ ದಶಕದ ನಡುವಿನ ನಾಲ್ಕು ವರ್ಷ ಅದು ಅಲ್ಲಿತ್ತು, ಅದರ ಕೆಳಗೆ ನಾನಿದ್ದೆ.

ದರ್ಗಾಕ್ಕೆ ಗುರುವಾರದ ದೀಪದ ಎಣ್ಣೆ ನಮ್ಮ ಮನೆಯಿಂದ ಹೋಗುವುದು ಮಾವನವರ ಅಜ್ಜನ ಕಾಲದ ನಡಾವಳಿ. ಹಿರಿಯ ಮುತವಲ್ಲಿಗಳು, ಅಂದರೆ ದರ್ಗಾದ ಹೊಲ, ಕಟ್ಟಡ, ಉರುಸು ಎಲ್ಲದರ ಉಸ್ತುವಾರಿ ನೋಡುತ್ತಿದ್ದವರು, ತೀರಿಕೊಂಡ ಮೇಲೆ ಅವರ ಇಬ್ಬರು ಮಕ್ಕಳು ಕೋರ್ಟಿಗೆ ಹೋದರು. ಹಿರಿಯವನಾದ್ದರಿಂದ ಮುತವಲ್ಲಿಕೆ ತನ್ನದೆಂದು ಅಣ್ಣ. ಅಪ್ಪ ಹಾಸಿಗೆ ಹಿಡಿದ ಮೇಲೆ ಸೇವೆಯನ್ನೆಲ್ಲ ಮಾಡಿದವನು ತಾನೆಂದು ತಮ್ಮ. ತೀರ್ಪು ಆಗುವ ತನಕ ಬಾಗಿಲು ತೆಗೆಯುವವರು ಯಾರು? ಒಂದು ವಾರ ಅಣ್ಣ, ಒಂದು ವಾರ ತಮ್ಮ ಎಂದಾಯಿತು. ಕೀಲಿಕೈ ಮಾತ್ರ ಇಬ್ಬರ ಮನೆಯಲ್ಲೂ ಇರಬಾರದು. ಇಬ್ಬರೂ ಒಪ್ಪಿದ ಮನೆ ನಮ್ಮದೊಂದೇ. ವಕೀಲರು ಕಾಗದ ಮಾಡಿದರು, ಅತ್ತೆ ಹೂಂ ಅಂದರು.

ಬೆಳಗ್ಗೆ ಬಾಗಿಲು ತೆಗೆಯಲು ಒಮ್ಮೆ, ಸಂಜೆ ದೀಪಕ್ಕೆ ಒಮ್ಮೆ, ಪಾಳಿಯವರು ಬಂದು ಒಯ್ಯುವರು, ಕೆಲಸ ಮುಗಿಸಿ ತಂದುಕೊಡುವರು. ಮೊದಲಿಗೆ ನನಗದು ಹೆಮ್ಮೆಯೇ ಅನಿಸಿತ್ತು.

ತಪ್ಪಾದದ್ದು ಅತ್ತೆಯಿಂದ. ಅಣ್ಣನ ಮಗಳು ಹೆರಿಗೆಗೆ ಬಂದಿದ್ದಳು. ನಲವತ್ತು ದಿನ ತುಂಬಿದ ಮೇಲೆ ಕೂಸನ್ನು ದರ್ಗಾದ ಹೊಸ್ತಿಲಿಗೆ ಮಲಗಿಸಿ ಎತ್ತುವುದು ಅವರ ಮನೆಯ ಪದ್ಧತಿ. ಆ ವಾರ ತಮ್ಮನ ಪಾಳಿ, ಆತ ಸಿಂದಗಿಯ ಸಂತೆಗೆ ಹೋಗಿದ್ದ. ನಾನು ಬಾವಿಗೆ ಹೋಗಿದ್ದೆ. ಮಟಮಟ ಮಧ್ಯಾಹ್ನ ಬಾಣಂತಿ ಕೂಸು ಹಿಡಿದು ಕಟ್ಟೆಯ ಮುಂದೆ ನಿಂತಾಗ ಅತ್ತೆ ಕೀಲಿಕೈ ತೆಗೆದುಕೊಟ್ಟುಬಿಟ್ಟರು. ಆಮೇಲೆ ಯಾರು ಎಷ್ಟು ಕೇಳಿದರೂ ಅವರದು ಒಂದೇ ಮಾತು: “ಹಸಿ ಬಾಣಂತಿ ಬಿಸಲಾಗ ನಿಂತಾಳ. ಕೋರ್ಟ್ ಕೇಳಿ ಬರ್ತೇನಿ ಅನ್ನಲೇನ?”

ತಮ್ಮನ ವಕೀಲರು ಅದನ್ನೇ ಬರೆದು ಕೊಟ್ಟರು. ಪಾಳಿಯಲ್ಲದ ದಿನ ಬಾಗಿಲು ತೆರೆದು ದರ್ಗಾ ತನ್ನ ಕಬ್ಜಾದಲ್ಲಿದೆ ಅಂತ ಅಣ್ಣ ತೋರಿಸುತ್ತಿದ್ದಾನೆ ಎಂದು. ಮತ್ತೆ ಮಾತುಕತೆ, ಮತ್ತೊಂದು ಕಾಗದ. ಇನ್ನು ಮೇಲೆ ಕೀಲಿಕೈಯನ್ನು ಸೊಸೆಯೇ ತನ್ನ ಕೈಯಿಂದ ಕೊಡಬೇಕು. ಸೊಸೆ ಅಂದರೆ ನಾನು. ನನ್ನನ್ನು ಯಾರೂ ಕೇಳಲಿಲ್ಲ. ನಮ್ಮವರು ಮುದ್ದೇಬಿಹಾಳದಲ್ಲಿ ಮಾಸ್ತರರು, ಶನಿವಾರ ಬಂದು ಸೋಮವಾರ ಹೋಗುವವರು. ಸುದ್ದಿ ಕೇಳಿ, “ಮನ್ಯಾಗ ಇರ್ತೀಯಲ್ಲ, ಅದರಾಗೇನು ತ್ರಾಸ?” ಅಂದರು.

ತ್ರಾಸು ಹೇಳಲು ಬರುವಂಥದ್ದಲ್ಲ. ಬೆಳಗಿನ ರೊಟ್ಟಿಗೆ ಹಂಚು ಕಾಯುವ ಹೊತ್ತಿಗೆ ಒಬ್ಬರು, ಸಂಜೆ ಕಂದೀಲಿನ ಗಾಜು ಒರೆಸುವ ಹೊತ್ತಿಗೆ ಒಬ್ಬರು. ನಡುವಿನ ಹೊತ್ತು ನನ್ನದೇ, ಆದರೆ ಹೋಗಿ ಬರುವಷ್ಟಲ್ಲ. ಹಲಸಂಗಿಯ ನಾದಿನಿಯ ಮನೆಯ ಸೀಮಂತಕ್ಕೆ ಹೋಗಲಿಲ್ಲ. ಎರಡು ಪಂಚಮಿ ತವರಿಗೆ ಹೋಗಲಿಲ್ಲ. ಜ್ವರ ಬಂದಾಗಲೂ ಎದ್ದು ಗೋಡೆ ಹಿಡಿದು ಗೂಟದ ತನಕ ನಡೆದಿದ್ದೇನೆ. ವಿಚಾರಣೆಯ ತಾರೀಖು ಬರುತ್ತಿತ್ತು, ಮುಂದೆ ಹೋಗುತ್ತಿತ್ತು.

ಮೂರನೆಯ ವರ್ಷ ನನ್ನ ತವರೂರು ಮಸೂತಿಯಿಂದ ಸುದ್ದಿ ಬಂತು. ಅವ್ವನ ಕಾಲು ಬಾತಿವೆ, ನಾಲ್ಕು ಹೆಜ್ಜೆಗೆ ಉಸಿರು ಕಟ್ಟುತ್ತದೆ, ಮಗಳನ್ನು ನೋಡಬೇಕು ಅನ್ನುತ್ತಾಳೆ. ನಾನು ಇಬ್ಬರನ್ನೂ ಕೇಳಿದೆ. ಅಣ್ಣ, “ಹೋಗ್ರಿ ಅಕ್ಕಾರ, ಬ್ಯಾಡ ಅನ್ನಂಗಿಲ್ಲ. ಕೀಲಿಕೈ ನಮ್ಮ ಮನ್ಯಾಗ ಇಟ್ಟು ಹೋಗ್ರಿ” ಅಂದ. ತಮ್ಮನೂ ಅದನ್ನೇ ತನ್ನ ಮನೆಯ ಹೆಸರಿನಲ್ಲಿ ಅಂದ. ಎದುರಿನ ಕಿರಾಣಿ ಅಂಗಡಿಯವರ ಹತ್ತಿರ ಇಡಲೇ ಎಂದರೆ, ಅವರು ಅಣ್ಣನ ಕಡೆಯವರಂತೆ. ಹಿಟ್ಟಿನ ಗಿರಣಿಯವರು ತಮ್ಮನ ಕಡೆಯವರಂತೆ. ಅತ್ತೆಯ ಹೆಸರನ್ನು ನಾನು ಎತ್ತಲೇ ಇಲ್ಲ, ಇವರು ಬೇಡವೆಂದರೆ ಅತ್ತೆಯ ಮುಖ ನೋಡಲಾಗದೆಂದು.

ಹದಿನೈದು ದಿನಕ್ಕೆ ಅವ್ವನೇ ಬಂದಳು. ಬಿಜಾಪುರದಲ್ಲಿ ಬಸ್ಸು ಬದಲಿಸಿ, ನನ್ನ ತಮ್ಮನ ಹೆಗಲು ಹಿಡಿದು. ಕಟ್ಟೆಯ ಮೇಲೆ ಕೂತು ತಾಸು ಹೊತ್ತು ಬರೀ ಉಸಿರು ಎಳೆದಳು. ಸಂಜೆ ಅಣ್ಣ ಕೀಲಿಕೈಗೆ ಬಂದಾಗ ಕೈ ಚಾಚಿ ಅದನ್ನು ಇಸಿದುಕೊಂಡು, ತಿರುವಿ ಮುರುವಿ ನೋಡಿದಳು.

“ನನ್ನ ಮಗಳನ್ನ ಕಟ್ಟಿ ಹಾಕೈತಿ ಅಂದ್ರ ಬಂಗಾರದ್ದು ಇರಬೇಕು ಅಂದಕೊಂಡಿದ್ದೆ,” ಅಂದಳು. “ಕಬ್ಬಿಣದ್ದು ಐತಲ್ಲೋ ಯಪ್ಪಾ.”

ಅಣ್ಣ ತಲೆ ತಗ್ಗಿಸಿ ನಕ್ಕ ಹಾಗೆ ಮಾಡಿ ಒಯ್ದ. ಮರುದಿನ ಇಬ್ಬರ ಮನೆಯಿಂದಲೂ ಹಾಲು ಬಂತು. ಅವ್ವ ಎರಡೂ ಕುಡಿದಳು.

ಎಂಟನೆಯ ದಿನ ಹೊರಟಳು. ಬಸ್ಸು ಸರಿಯಾಗಿ ದೀಪದ ಹೊತ್ತಿಗೆ. ನಾನು ಹೊಸ್ತಿಲಲ್ಲಿ ನಿಂತು ಅಳುವುದನ್ನು ಅಣ್ಣ ತಮ್ಮ ಇಬ್ಬರೂ ನೋಡಿದರು. ಕೊನೆಗೆ ತಮ್ಮನೇ, ಕೀಲಿಕೈ ಹಿಡಕೊಂಡೇ ಬರ್ರಿ, ನಾವೂ ಕೂಡ ಬರ್ತೀವಿ ಅಂದ. ಹೀಗೆ ಬಸ್‌ಸ್ಟ್ಯಾಂಡಿನ ತನಕ ನಡೆದೆವು. ಅವ್ವ ನನ್ನ ಹೆಗಲಿಗೆ, ಕೀಲಿಕೈ ನನ್ನ ಸೆರಗಿನ ಗಂಟಿನಲ್ಲಿ, ರಸ್ತೆಯ ಆ ಮಗ್ಗುಲಿಗೆ ಅಣ್ಣ, ಈ ಮಗ್ಗುಲಿಗೆ ತಮ್ಮ. ನಿಂಬೆಹಣ್ಣಿನ ಚೀಲ ಹೊತ್ತ ಹಮಾಲರು ನಿಂತು ನೋಡಿದರು. ಬಸ್ಸಿನ ಕಿಟಕಿಯಿಂದ ಅವ್ವ ನನಗಲ್ಲ, ಅವರಿಗೆ ಹೇಳಿದಳು: “ಈ ಪಂಚಮಿಗರೆ ಕಳಸ್ರಿ.” ಇಬ್ಬರೂ ಹೂಂ ಅಂದರು.

ಪಂಚಮಿಗೆ ಹನ್ನೆರಡು ದಿನ ಇರುವಾಗ ಅವ್ವ ಹೋದಳು. ಸುದ್ದಿ ಬೆಳಗ್ಗೆ ಬಂತು, ಹಂಚಿನ ಮೇಲೆ ರೊಟ್ಟಿ ಇತ್ತು. ನಾನು ಯಾರನ್ನೂ ಕೇಳಲಿಲ್ಲ. ಗೂಟದಿಂದ ಕೀಲಿಕೈ ತೆಗೆದು ಅತ್ತೆಯ ಕೈಯಲ್ಲಿಟ್ಟೆ. ಅವರು ಅದನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು, “ನಡಿ ನೀ,” ಅಂದರು.

ಐದನೆಯ ದಿನ ತಿರುಗಿ ಬಂದೆ. ಕೀಲಿಕೈ ಗೂಟದಲ್ಲೇ ಇತ್ತು. ಮರುದಿನ ಬೆಳಗ್ಗೆ ಅಣ್ಣ ಬಂದು ಬಾಗಿಲ ಹೊರಗೇ ನಿಂತ. ಇಷ್ಟು ದಿನ ಹೇಗೆ ಮಾಡಿದಿರಿ ಎಂದು ಕೇಳಿದೆ.

“ನಿಮ್ಮ ಅತ್ತಿಯಾರು ಕೊಟ್ರು, ತಗೊಂಡ್ವಿ.”

“ನಿಮ್ಮ ತಮ್ಮಾರು?”

“ಮೊನ್ನೆ ತನಕ ಅವಂದ ಪಾಳಿ. ಅಂವನೂ ತಗೊಂಡ್ನರಿ.”

ವಕೀಲರಿಗೆ ಯಾರೂ ಹೇಳಿರಲಿಲ್ಲ, ಯಾರೂ ಏನೂ ಬರೆದಿರಲಿಲ್ಲ. ಹಾಗಾದರೆ ಅಂದು, ಅವ್ವ ಕರೆದಾಗ ಯಾಕೆ ಆಗಲಿಲ್ಲ, ಎಂದು ಕೇಳಲು ಬಾಯಿ ತೆರೆದೆ. ಆತ ನೆಲ ನೋಡುತ್ತಿದ್ದ. ಒಳಗೆ ಅತ್ತೆ ಕೆಮ್ಮಿದರು. ಅವತ್ತು ಅವರ ಹೆಸರನ್ನು ನಾನೂ ಎತ್ತಿರಲಿಲ್ಲವಲ್ಲ.

ಕೀಲಿಕೈ ತೆಗೆದುಕೊಟ್ಟೆ. ಆ ವಾರ ಅವನ ಪಾಳಿ.