ಸೆರಗಿನ ತುದಿಯ ಔಷಧದಂಗಡಿ

ಮಂಡ್ಯ ಕಡೆಯ ಕೊಪ್ಪದಲ್ಲಿ ನಮ್ಮ ಪಕ್ಕದ ಮನೆಯ ಅಜ್ಜಿ ಸಾರಿನ ಜೊತೆ ಬಿಪಿ ಮಾತ್ರೆಯನ್ನೂ ಹಂಚುತ್ತಿದ್ದರು. ಯಾರ ಮಾತ್ರೆ ಜೋರು ಎಂದು ಬಣ್ಣ ನೋಡಿಯೇ ತೀರ್ಪು ಕೊಡುತ್ತಿದ್ದರು. "ಎಲ್ಲಾ ಬಿಪಿನೂ ಒಂದೇ ಕಣಮ್ಮ" ಎಂಬುದೇ ಅವರ ವೈದ್ಯಶಾಸ್ತ್ರ. ನನ್ನ ಲೆಕ್ಕದಲ್ಲಿ ಬೀದಿಯ ಅರ್ಧ ಜನ ಅವರ ರೋಗಿಗಳು.

ಒಂದು ದಿನ ತುಂಬು ಬಸುರಿಯಾಗಿದ್ದ ನನ್ನ ಅಕ್ಕನಿಗೆ ಬಿಪಿ ವಿಪರೀತ ಏರಿ ತಲೆ ಸಿಡಿಯತೊಡಗಿತು. ಆಸ್ಪತ್ರೆಗೆ ಕಾರು ಬರುವಷ್ಟರಲ್ಲಿ ಅಜ್ಜಿ ಸೆರಗಿನ ಗಂಟು ಬಿಚ್ಚಿ, "ನುಂಗವ್ವ, ಡಾಕ್ಟ್ರಮ್ಮ ಕೊಟ್ಟಿರದು ಸಪ್ಪೆ ಮಾತ್ರೆ" ಎಂದು ತಮ್ಮ ಮಾತ್ರೆಯನ್ನು ಮುಂದೆ ಹಿಡಿದರು.

"ಒಟ್ಟೇಲಿರೋ ಮಗೀಗೆ ನಿನ್ ಮಾತ್ರೆ ಆಗಕಿಲ್ವಂತೆ ಕಣಜ್ಜಿ" ಎಂದಳು ಅಕ್ಕ.

"ಇನ್ನೂ ಉಟ್ಟೇ ಇಲ್ಲ, ಆಗ್ಲೇ ಪಥ್ಯ ಸುರುವಾ?"

ಅಕ್ಕ ನುಂಗಲಿಲ್ಲ. ಮಂಡ್ಯದ ಆಸ್ಪತ್ರೆಯಲ್ಲಿ ಇಂಜೆಕ್ಷನ್ ಕೊಟ್ಟು ಬಿಪಿ ಇಳಿಸಿದರು. ತಾಯಿ, ಮಗು ಇಬ್ಬರೂ ಉಳಿದರು.

ಈಗ ತೊಟ್ಟಿಲು ತೂಗುತ್ತ ಅಜ್ಜಿ ಬಂದವರಿಗೆಲ್ಲ ಹೇಳುತ್ತಾರೆ: "ನನ್ ಮಾತ್ರೆ ನುಂಗಿದ್ರೆ ಮಂಡ್ಯಕ್ಕೆ ಓಗೋದೇ ತಪ್ಪೋದು."

ನಿಜ. ತೊಟ್ಟಿಲು ತೂಗುವ ಕೆಲಸವೂ ತಪ್ಪುತ್ತಿತ್ತು.